ಕದಲದ ಎಂಟು ಗಂಟೆಗೆ ಕೊಡಗಿನ ಪೇಟೆ ಸಾಮಾನು: ಯಾವುದು ಬಾಳುತ್ತದೆ, ಯಾವುದು ಕೈಕೊಡುತ್ತದೆ

ಕಲಾವಿದರು ಜನರೆದುರು ತಮ್ಮ ಮೈಯನ್ನೇ ಮಾಧ್ಯಮ ಮಾಡಿಕೊಂಡು ಆರೆಂಟು ಗಂಟೆ ಒಂದೇ ಕೆಲಸ ಹಿಡಿದು ಕೂರುವ ಪರ್ಫಾರ್ಮೆನ್ಸ್ ಆರ್ಟ್‌ನಲ್ಲಿ ಮೈ ಸೋಲುವ ಮೊದಲೇ ಸಾಮಾನು ಸೋಲುತ್ತದೆ. ಕೊಡಗಿನಲ್ಲಂತೂ ಇದು ಖಂಡಿತ. ಬಯಲುಸೀಮೆಯ ಒಣ ಕೋಣೆಯಲ್ಲಿ ದಿನವಿಡೀ ಹೇಳಿದಂತೆ ಕೇಳುವ ಹಗ್ಗ, ಬಣ್ಣ, ಕನ್ನಡಿ, ಅಕ್ಕಿ ಇಲ್ಲಿಯ ಮಂಜು ಕುಡಿದು, ಥಂಡಿಗೆ ಬಿಗಿದು, ಮಧ್ಯಾಹ್ನದೊಳಗೆ ಬೇರೆಯೇ ವಸ್ತುಗಳಾಗಿಬಿಡುತ್ತವೆ. ಮಡಿಕೇರಿಯ ಶುಕ್ರವಾರದ ಸಂತೆ, ಗ್ರಂದಿಗೆ ಅಂಗಡಿ, ಔಷಧಿ ಅಂಗಡಿ, ಫ್ಯಾನ್ಸಿ ಸ್ಟೋರ್, ತೋಟದ ಸಾಮಾನು ಮಾರುವ ಅಂಗಡಿ ಇಷ್ಟರಲ್ಲೇ ಸಿಗುವ ವಸ್ತುಗಳಲ್ಲಿ ಯಾವುದನ್ನು ನಂಬಬಹುದು, ಯಾವುದನ್ನು ಬಿಟ್ಟುಬಿಡಬೇಕು ಎಂದು ಇಲ್ಲಿ ನೋಡೋಣ.

ಸಾಮಾನಿಗೆ ಇಷ್ಟು ಮಹತ್ವ ಯಾಕೆ ಎಂದರೆ, ಈ ಕಲೆಯಲ್ಲಿ ಅರ್ಧ ಮಾತು ಆಡುವುದು ಅದೇ. ಈ ಕಲೆಯ ಹೆಸರಾಂತ ಕಲಾವಿದೆ ಮರೀನಾ ಅಬ್ರಮೋವಿಚ್ 1974ರಲ್ಲಿ ನೇಪಲ್ಸ್‌ನಲ್ಲಿ ಮೇಜಿನ ಮೇಲೆ 72 ವಸ್ತು ಇಟ್ಟು, ಆರು ಗಂಟೆ ಸುಮ್ಮನೆ ನಿಂತರು. ಬಂದವರು ಅವುಗಳಲ್ಲಿ ಯಾವುದನ್ನು ಬೇಕಾದರೂ ಕಲಾವಿದೆಯ ಮೇಲೆ ಬಳಸಬಹುದು ಎಂಬುದಷ್ಟೇ ನಿಯಮ. ಗುಲಾಬಿ, ಜೇನುತುಪ್ಪದಿಂದ ಹಿಡಿದು ಕತ್ತರಿ, ಪಿಸ್ತೂಲು, ಒಂದು ಗುಂಡಿನವರೆಗೆ ಅಲ್ಲಿತ್ತು. ಜನ ಏನು ಮಾಡಿದರು ಎಂಬುದನ್ನು ಬಹುಪಾಲು ಆ ಮೇಜೇ ನಿರ್ಧರಿಸಿತು. ಆದ್ದರಿಂದ ಪಟ್ಟಿ ಬರೆಯುವುದೂ ಪ್ರದರ್ಶನದ್ದೇ ಕೆಲಸ. ಅದನ್ನು ಹಿಂದಿನ ಸಂಜೆಗೆ ಉಳಿಸಿಕೊಳ್ಳಬಾರದು.

ಅಕ್ಕಿ, ಉದ್ದು, ಮೆಣಸು

ಅಬ್ರಮೋವಿಚ್ ಕಲಿಸುವ ಅಭ್ಯಾಸಗಳಲ್ಲಿ ಎಲ್ಲರಿಗೂ ಗೊತ್ತಿರುವುದು ಕಾಳು ಎಣಿಸುವುದು. ಬೆರೆಸಿದ ಅಕ್ಕಿ ಮತ್ತು ಕಪ್ಪು ಬೇಳೆಯನ್ನು ಬೇರೆ ಮಾಡಿ, ಒಂದೊಂದೇ ಕಾಳು ಎಣಿಸಬೇಕು, ಮಾತಿಲ್ಲ, ಏಳುವಂತಿಲ್ಲ. ಸುಲಭ ಅನಿಸುತ್ತದೆ. ಆದರೆ ಯಾವ ಅಕ್ಕಿ ಎಂಬುದರ ಮೇಲೆ ಎಲ್ಲವೂ ನಿಂತಿದೆ.

ಸೋನಾ ಮಸೂರಿ ಬೇಡ. ಕಾಳು ತೀರಾ ಸಣ್ಣ. ಸಾವಿರ ಕಾಳು ತೂಗಿದರೆ ಸುಮಾರು 11 ಗ್ರಾಂ, ಅಂದರೆ ಒಂದು ಕಿಲೋದಲ್ಲಿ ತೊಂಬತ್ತು ಸಾವಿರದ ಆಸುಪಾಸು. ಮೂರನೇ ಗಂಟೆಗೆ ಬೆರಳ ತುದಿ ಒಂದನ್ನೂ ಎರಡನ್ನೂ ಬೇರೆ ಮಾಡಿ ಗುರುತಿಸುವುದಿಲ್ಲ. ದಪ್ಪ ಕಾಳಿನ ಅಕ್ಕಿ ಸಾವಿರಕ್ಕೆ 19-20 ಗ್ರಾಂ ತೂಗುತ್ತದೆ, ಬೆರಳಿಗೆ ನಿಲ್ಲುತ್ತದೆ, ನೋಡುವವರಿಗೂ ಕಾಣುತ್ತದೆ. ಕುಚ್ಚಲಕ್ಕಿ ಇನ್ನೂ ಒಳ್ಳೆಯದು. ಭತ್ತವನ್ನು ಬೇಯಿಸಿ ಒಣಗಿಸಿದ್ದರಿಂದ ಕಾಳು ಗಟ್ಟಿ, ಮುರಿಯುವುದು ಕಡಿಮೆ, ಹಿಟ್ಟು ಬಿಡುವುದೂ ಕಡಿಮೆ. ಪೇಟೆಯಲ್ಲಿ ಸಿಗುವುದರಲ್ಲಿ ನಮ್ಮ ಮೊದಲ ಆಯ್ಕೆ ಇದೇ.

ನುಚ್ಚಿನ ವಿಷಯವನ್ನು ಮೊದಲೇ ತೀರ್ಮಾನಿಸಬೇಕು. ಅರ್ಧ ಕಾಳು ಒಂದು ಎಂದು ಲೆಕ್ಕವೇ, ಬಿಡುವುದೇ? ಇದನ್ನು ಹೇಳಿಕೊಳ್ಳದೆ ಕೂತವರು ಎರಡನೇ ಗಂಟೆಯಲ್ಲಿ ಮನಸ್ಸಿನಲ್ಲೇ ಜಗಳ ಶುರು ಮಾಡುತ್ತಾರೆ, ಆ ಜಗಳದಲ್ಲಿ ಲೆಕ್ಕ ತಪ್ಪುತ್ತದೆ. ಹಿಂದಿನ ದಿನ ಮೊರದಲ್ಲಿ ಕೇರಿ ನುಚ್ಚು ತೆಗೆದುಬಿಟ್ಟರೆ ತಕರಾರಿಲ್ಲ. ಅಳಿದುಳಿದ ಚೂರಿಗೆ ಒಂದು ಬಟ್ಟಲು ಪಕ್ಕಕ್ಕಿರಲಿ.

ಪ್ರಮಾಣ ಹೀಗೆ. ಗಮನ ತಪ್ಪದೆ ಎಣಿಸಿದರೆ ಗಂಟೆಗೆ ಎರಡು ಸಾವಿರ ಕಾಳು ಧಾರಾಳ. ಆರು ಗಂಟೆಗೆ 200 ಗ್ರಾಂ ದಪ್ಪ ಅಕ್ಕಿ, 80 ಗ್ರಾಂ ಇಡೀ ಉದ್ದಿನಕಾಳು ಸಾಕು, ಎರಡೂ ಸೇರಿ ಹನ್ನೆರಡು ಸಾವಿರದ ಹತ್ತಿರ ಬರುತ್ತದೆ. ಒಂದು ಕಿಲೋ ಸುರಿದುಕೊಂಡು ಕೂತರೆ ನೋಡಲು ಗುಡ್ಡೆ ಭರ್ಜರಿ, ಮುಗಿಯುವ ಮಾತಿಲ್ಲ. ಮುಗಿಯದ ಗುಡ್ಡೆಯೇ ಉದ್ದೇಶವಾದರೆ ಸರಿ, ಇಲ್ಲದಿದ್ದರೆ ಅದು ಲೆಕ್ಕಾಚಾರದ ತಪ್ಪು. ಕೊಂಡ ಅಕ್ಕಿಯಲ್ಲಿ 500 ಕಾಳು ಎಣಿಸಿ, ಚಿನ್ನದಂಗಡಿಯವರಲ್ಲಿರುವಂಥ ಸಣ್ಣ ತಕ್ಕಡಿಯಲ್ಲಿ ತೂಗಿ ನೋಡಿದರೆ ನಿಮ್ಮ ಅಕ್ಕಿಯ ಲೆಕ್ಕ ಸಿಗುತ್ತದೆ.

ಮಳೆಗಾಲದಲ್ಲಿ ಅಕ್ಕಿ ಗಾಳಿಯ ತೇವ ಹೀರಿ ಬೆರಳಿಗಂಟುತ್ತದೆ. ಒಂದು ಎತ್ತಿದರೆ ಮೂರು ಬರುತ್ತವೆ. ಹಿಂದಿನ ದಿನ ಒಲೆಯ ಮೇಲಿನ ಅಟ್ಟದಲ್ಲೋ, ಬಿಸಿ ಆರುತ್ತಿರುವ ಕಾವಲಿಯ ಪಕ್ಕದಲ್ಲೋ ತಟ್ಟೆಯಲ್ಲಿ ಹರಡಿ ಒಣಗಿಸಿ, ಡಬ್ಬಿಗೆ ಹಾಕಿ ಬಿಗಿಯಾಗಿ ಮುಚ್ಚಿ. ಹುಳವಿದ್ದರೆ ಆಗಲೇ ಹೊರಬರುತ್ತದೆ. ಎಣಿಸುವುದಕ್ಕೆ ಮೊರ ಬೇಡ, ಬಿದಿರಿನ ಹೆಣಿಗೆಯಲ್ಲಿ ಕಾಳು ಸಿಕ್ಕಿಕೊಳ್ಳುತ್ತದೆ. ಸ್ಟೀಲ್ ತಟ್ಟೆ ಹೊಳೆದು ಕಣ್ಣು ನೋಯಿಸುತ್ತದೆ. ಪಾಲಿಶ್ ಹಾಕದ ಮರದ ಹಲಗೆ, ಎರಡಡಿ ಉದ್ದ ಒಂದೂವರೆ ಅಡಿ ಅಗಲ, ಇದಕ್ಕಿಂತ ಒಳ್ಳೆಯದಿಲ್ಲ. ನೂರಕ್ಕೊಂದು ಗೆರೆ ಹಾಕಲು ಪೆನ್ಸಿಲ್ ಇರಲಿ. ಮಳೆಗಾಲದ ಕಾಗದದ ಮೇಲೆ ಇಂಕ್ ಪೆನ್ನು ಹರಡಿಕೊಳ್ಳುತ್ತದೆ.

ಉದ್ದಿನ ಬದಲು ನಮ್ಮ ತೋಟದ ಕರಿಮೆಣಸು ಬಳಸೋಣ ಎಂಬ ಆಸೆ ಎಲ್ಲರಿಗೂ ಬರುತ್ತದೆ. ಬಿಳಿ ಅಕ್ಕಿಯ ನಡುವೆ ಮೆಣಸು ಚೆನ್ನಾಗಿ ಕಾಣುತ್ತದೆ, ವಾಸನೆಯೂ ಬರುತ್ತದೆ. ಆದರೆ ಉರುಳುತ್ತದೆ, ಮತ್ತು ಗಂಟೆಗಟ್ಟಲೆ ಮುಟ್ಟಿದ ಬೆರಳಿನಲ್ಲಿ ಖಾರ ಉಳಿಯುತ್ತದೆ. ಅರಿವಿಲ್ಲದೆ ಕಣ್ಣುಜ್ಜಿದರೆ ಪ್ರದರ್ಶನ ಅಲ್ಲಿಗೇ ಮುಗಿಯಿತು. ಎರಡು ಗಂಟೆ ಮೀರಿದರೆ ಮೆಣಸು ಬೇಡ.

ಕಾಫಿ ಬೀಜದ ಮಾತು ಬೇರೆ, ಇದು ಕೊಡಗಿಗೇ ಒಪ್ಪುವ ವಸ್ತು. ಕಿಲೋಗೆ ಆರೇಳು ಸಾವಿರ ಬೀಜ ಬರುವುದರಿಂದ ಗುಡ್ಡೆ ದೂರಕ್ಕೂ ಕಾಣುತ್ತದೆ. ಹುರಿಯದ ಅರೇಬಿಕಾ ಮತ್ತು ರೋಬಸ್ಟಾ ತಲಾ ಅರ್ಧ ಕಿಲೋ ಬೆರೆಸಿ, ಕಣ್ಣಿಗೆ ಬಟ್ಟೆ ಕಟ್ಟಿ, ಬರೀ ಸ್ಪರ್ಶದಿಂದ ಬೇರೆ ಮಾಡುವುದು ಗ್ರಹಿಕೆಯ ನಿಜವಾದ ಪರೀಕ್ಷೆ. ಅರೇಬಿಕಾ ನೀಳ, ನಡುವಿನ ಸೀಳು ಸ್ವಲ್ಪ ಬಳುಕಿರುತ್ತದೆ. ರೋಬಸ್ಟಾ ಗುಂಡಗೆ, ಸೀಳು ನೇರ. ಹೆಬ್ಬೆರಳಿನ ಉಗುರನ್ನು ಸೀಳಿನಲ್ಲಿ ಎಳೆದರೆ ವ್ಯತ್ಯಾಸ ತಿಳಿಯುತ್ತದೆ. ಹಣ್ಣಿನಲ್ಲಿ ಒಂದೇ ಬೀಜ ಬೆಳೆದ ಪೀಬೆರಿ ಎರಡರಲ್ಲೂ ಗುಂಡಗಿದ್ದು ಬೆರಳನ್ನು ಮೋಸ ಮಾಡುತ್ತದೆ, ಅದನ್ನು ಮೊದಲೇ ಆರಿಸಿ ತೆಗೆಯಿರಿ ಅಥವಾ ಮೂರನೇ ಬಟ್ಟಲು ಇಡಿ. ಕಪ್ಪು ಹತ್ತಿಬಟ್ಟೆಯ ಎರಡು ಮೀಟರ್ ಪಟ್ಟಿಯನ್ನು ನಾಲ್ಕು ಮಡಿಕೆ ಮಾಡಿ ಕಟ್ಟಿದರೆ ಬೆಳಕು ನುಸುಳುವುದಿಲ್ಲ. ಗಂಟು ತಲೆಯ ಹಿಂಭಾಗಕ್ಕೆ ಬರದೆ ಪಕ್ಕಕ್ಕೆ ಬರಲಿ, ಇಲ್ಲದಿದ್ದರೆ ತಲೆನೋವು ಖಾತ್ರಿ. ಕಾಫಿ ಹದಮಾಡುವ ಕ್ಯೂರಿಂಗ್ ವರ್ಕ್ಸ್‌ಗಳಲ್ಲಿ ಗಾರ್ಬ್ಲಿಂಗ್, ಅಂದರೆ ಬೀಜ ಆರಿಸುವ ಕೆಲಸ, ಮಾಡುವ ಹೆಂಗಸರು ಕಪ್ಪು ಬೀಜ, ಒಡಕು ಬೀಜವನ್ನು ದಿನವಿಡೀ ಕೈಯಲ್ಲೇ ಆರಿಸುತ್ತಾರೆ. ಈ ಪ್ರದರ್ಶನಕ್ಕೆ ಇಳಿಯುವವರು ಮೊದಲು ಅವರ ಕೈ ನೋಡಬೇಕು. ಭುಜ ಎತ್ತದೆ, ಮಣಿಕಟ್ಟು ಮೇಜಿಗೆ ಒರಗಿಸಿ, ಬೆರಳಷ್ಟೇ ಆಡಿಸುವ ಕ್ರಮ ಅವರಿಂದಲೇ ಕಲಿಯುವಂಥದ್ದು.

ಮೈಗೆ ಹಚ್ಚುವ ಬಣ್ಣ

ಅತಿ ಹೆಚ್ಚು ತಪ್ಪು ನಡೆಯುವುದು ಇಲ್ಲಿ, ಮತ್ತು ಈ ತಪ್ಪು ಚರ್ಮದ ಮೇಲೆ ಉಳಿಯುತ್ತದೆ. ಅಕ್ರಿಲಿಕ್ ಮತ್ತು ಪೋಸ್ಟರ್ ಬಣ್ಣವನ್ನು ಮೈಗೆ ಮುಟ್ಟಿಸಲೇಬೇಡಿ. ಒಣಗಿ ಪೊರೆಯಾಗಿ, ಕೀಳುವಾಗ ರೋಮ ಕಿತ್ತು ಬರುತ್ತದೆ.

ದೈವಾರಾಧನೆಯ ಕುಣಿತಗಳಾದ ತೆರೆ, ಕೋಲಗಳ ಮುಖವರ್ಣಿಕೆಯ ಹಳದಿ, ಕೆಂಪು ನೋಡಿ ಅದೇ ಬೇಕೆಂದು ಅರದಾಳ, ಇಂಗಳೀಕ ಕೇಳಿಕೊಂಡು ಹೋಗುವವರಿದ್ದಾರೆ. ಅರದಾಳದಲ್ಲಿ ಆರ್ಸೆನಿಕ್ ಇದೆ, ಇಂಗಳೀಕದಲ್ಲಿ ಪಾದರಸವಿದೆ. ಬೆವರಿದ ಮೈಮೇಲೆ ಎಂಟು ಗಂಟೆ ಹೊತ್ತು ಕೂರುವ ವಸ್ತುಗಳಲ್ಲ ಇವು. ಬೇಡ ಎಂದರೆ ಬೇಡ.

ಬಿಳಿಗೆ ಅಕ್ಕಿಹಿಟ್ಟಿನ ಲೇಪ ಎಲ್ಲರಿಗೂ ಮೊದಲು ಹೊಳೆಯುತ್ತದೆ. ಹದಿನೈದು ಇಪ್ಪತ್ತು ನಿಮಿಷಕ್ಕೆ ಒಣಗಿ ಬಿರಿಯುತ್ತದೆ, ಬಾಯಿಯ ಪಕ್ಕ ಮತ್ತು ಮೊಣಕೈ ಮಡಚುವಲ್ಲಿ ಮೊದಲು ಉದುರುತ್ತದೆ. ಬಿರುಕು ಬಿಡುವ ಮುಖವೇ ಬೇಕಿದ್ದರೆ ಇದಕ್ಕೆ ಸಾಟಿಯಿಲ್ಲ, ಒಂದು ಗಂಟೆಯ ಕೆಲಸಕ್ಕೆ ಚೆಂದ. ಮಂಜು ಬಿದ್ದರೆ ಮಾತ್ರ ಗಂಜಿಯಂತೆ ಇಳಿಯುತ್ತದೆ.

ದೀರ್ಘ ಹೊತ್ತಿಗೆ ನಂಬಬಹುದಾದದ್ದು ಸತುವಿನ ಪುಡಿ, ಜಿಂಕ್ ಆಕ್ಸೈಡ್. ಯಕ್ಷಗಾನದ ಬಣ್ಣದ ಮನೆಯಾದ ಚೌಕಿಯ ಭಾಷೆಯಲ್ಲಿ ಸಫೇದ ಎನ್ನುತ್ತಾರೆಂದು ಬಣ್ಣದಂಗಡಿಗೆ ಹೋಗಿ ಅದೇ ಹೆಸರು ಹೇಳಬೇಡಿ. ಹಿಂದೆ ಆ ಹೆಸರಿನಲ್ಲಿ ಸೀಸದ ಬಿಳಿಯೂ ಬಿಕರಿಯಾಗುತ್ತಿತ್ತು. ಔಷಧಿ ಅಂಗಡಿಯಲ್ಲಿ ಔಷಧಿಗೆ ಬಳಸುವ ದರ್ಜೆಯದ್ದನ್ನೇ ಕೇಳಿ. ಮುಖ, ಕುತ್ತಿಗೆಗೆ 20 ಗ್ರಾಂ ಪುಡಿಗೆ ಎರಡು ಚಹಾ ಚಮಚ ಎಣ್ಣೆ. ಎಣ್ಣೆಯನ್ನು ಹನಿಹನಿಯಾಗಿ ಸೇರಿಸಿ ಅಂಗೈಯಲ್ಲಿ ಅರೆಯಬೇಕು, ಒಮ್ಮೆಲೇ ಸುರಿದರೆ ಗಂಟು ಒಡೆಯುವುದಿಲ್ಲ. ಪುಡಿ ಕಲೆಸುವಾಗ ಮೂಗಿಗೆ ಬಟ್ಟೆ ಕಟ್ಟಿಕೊಳ್ಳಿ.

ಕೊಡಗಿನಲ್ಲಿ ಕೊಬ್ಬರಿ ಎಣ್ಣೆ ಇಲ್ಲೇ ಕೈಕೊಡುವುದು. 24 ಡಿಗ್ರಿಗಿಂತ ಕೆಳಗೆ ಅದು ಹೆಪ್ಪುಗಟ್ಟುತ್ತದೆ. ಡಿಸೆಂಬರಿನ ಬೆಳಗ್ಗೆ ಆರಕ್ಕೆ ಕಲೆಸಿದ ಬಣ್ಣ ಕೆನ್ನೆಯ ಮೇಲೆ ಮೇಣದ ಹರಳಿನಂತೆ ನಿಲ್ಲುತ್ತದೆ, ಹತ್ತು ಗಂಟೆಯ ಬಿಸಿಲಿಗೆ ಕರಗಿ ಹುಬ್ಬಿನಿಂದ ಕಣ್ಣಿಗೆ ಹರಿಯುತ್ತದೆ. ಬೆಳಗಿನ ಕೆಲಸಕ್ಕೆ ಎಳ್ಳೆಣ್ಣೆ ಬಳಸಿ, ಅರ್ಧ ಭಾಗ ಹರಳೆಣ್ಣೆ ಸೇರಿಸಿದರೆ ಹಿಡಿತ ಹೆಚ್ಚುತ್ತದೆ. ಹಚ್ಚಿದ ಮೇಲೆ ಅದೇ ಒಣ ಪುಡಿಯನ್ನು ತೆಳು ಬಟ್ಟೆಯ ಗಂಟಿನಿಂದ ತಟ್ಟಿದರೆ ಜಿಡ್ಡು ಕೂರುತ್ತದೆ. ಹಿಂದಿನ ದಿನ ಮೊಣಕೈ ಒಳಬದಿಯಲ್ಲಿ ರೂಪಾಯಿಯಗಲ ಹಚ್ಚಿ ಇಪ್ಪತ್ತನಾಲ್ಕು ಗಂಟೆ ಬಿಟ್ಟು ನೋಡುವುದನ್ನು ಯಾರೂ ತಪ್ಪಿಸಬಾರದು.

ಅರಿಶಿನ ಮತ್ತು ಸುಣ್ಣದ ಕೆಂಪು ಬಹಳ ಸುಂದರವಾದ ವಸ್ತು. ಸುಣ್ಣದ ಕ್ಷಾರಕ್ಕೆ ಅರಿಶಿನ ಕೆಂಪಾಗುತ್ತದೆ, ಬೆವರಿನ ಹುಳಿಗೆ ಮತ್ತೆ ಹಳದಿಗೆ ತಿರುಗುತ್ತದೆ. ಕೆಂಪು ಮುಖದಿಂದ ಶುರುವಾಗಿ, ಹಣೆ, ಮೇಲ್ದುಟಿ, ಗಲ್ಲದ ಕೆಳಗೆ ಹಳದಿ ಮೆಲ್ಲಗೆ ಹರಡುತ್ತ ಬರುತ್ತದೆ. ಯಾರೂ ಕೈಯಾಡಿಸದೆ ಮುಖ ತಾನಾಗಿ ಬೇರೆಯಾಗುವುದನ್ನು ತೋರಿಸಲು ಇದಕ್ಕಿಂತ ಒಳ್ಳೆಯ ಬಣ್ಣ ಸಿಗುವುದಿಲ್ಲ. ಸುಣ್ಣ ಹೆಚ್ಚಾದರೆ ಚರ್ಮ ಸುಡುತ್ತದೆ. ನಾಲ್ಕು ಚಮಚ ಅರಿಶಿನಕ್ಕೆ ಎಲೆಗೆ ಸವರುವ ಸುಣ್ಣ ಕಡಲೆಕಾಳಿನಷ್ಟು ಸಾಕು. ಕಣ್ಣಿನ ಸುತ್ತ ಎರಡು ಬೆರಳು ಜಾಗ ಬಿಡಿ, ಒಂದು ಗಂಟೆಗಿಂತ ಹೆಚ್ಚು ಇಡಬೇಡಿ.

ಕುರ್ಚಿ

ನ್ಯೂಯಾರ್ಕಿನ ಆಧುನಿಕ ಕಲಾ ಸಂಗ್ರಹಾಲಯದಲ್ಲಿ 2010ರ ಮಾರ್ಚ್‌ನಿಂದ ಮೇವರೆಗೆ ಅಬ್ರಮೋವಿಚ್ ಕುರ್ಚಿಯಲ್ಲಿ ಕೂತು, ಎದುರು ಬಂದು ಕೂತವರನ್ನು ಮಾತಿಲ್ಲದೆ ನೋಡುತ್ತಿದ್ದರು. ಅಂಥ ಕೆಲಸಕ್ಕೆ ಹಾತೊರೆಯುವವರು ಮನೆಯಲ್ಲಿರುವ ಪ್ಲಾಸ್ಟಿಕ್ ಕುರ್ಚಿ ಎಳೆದುಕೊಳ್ಳುತ್ತಾರೆ. ಅದು ನಡುವೆ ತಗ್ಗಿ ತೊಡೆಯ ಹಿಂಭಾಗ ಒತ್ತುತ್ತದೆ, ನಲವತ್ತು ನಿಮಿಷಕ್ಕೆ ಪಾದ ಜೋಮು ಹಿಡಿಯುತ್ತದೆ. ಹಳೆಯ ಬಂಗಲೆಗಳ ಬೀಟೆ ಮರದ ಆರಾಮ ಕುರ್ಚಿ ನೋಡಲು ಘನ, ಆದರೆ ಹಿಂದಕ್ಕೆ ವಾಲಿರುವುದರಿಂದ ಊಟದ ಹೊತ್ತಿಗೆ ನಿದ್ದೆ ಎಳೆಯುತ್ತದೆ. ಬೇಕಾದ್ದು ಕೈಯಿಲ್ಲದ, ನೇರ ಬೆನ್ನಿನ ಮರದ ಕುರ್ಚಿ. ಎತ್ತರ ನಿಮ್ಮ ಮೊಣಕಾಲ ಹಿಂದಿನಿಂದ ನೆಲಕ್ಕೆ ಇರುವಷ್ಟೇ ಇರಬೇಕು, ಒಂದು ಇಂಚು ಹೆಚ್ಚಾದರೂ ಹಿಮ್ಮಡಿ ತೇಲುತ್ತದೆ. ಮುಂದಿನ ಅಂಚನ್ನು ಉಪ್ಪುಕಾಗದದಿಂದ ದುಂಡಗೆ ಉಜ್ಜಿಸಿ. ಕಾಫಿ ಒಣಗಿಸುವ ಕಣದ ಸಿಮೆಂಟು ನೀರು ಹರಿದುಹೋಗಲಿ ಎಂದು ಸ್ವಲ್ಪ ಇಳಿಜಾರಾಗಿರುತ್ತದೆ. ಕಣ್ಣಿಗೆ ಕಾಣದ ಆ ಇಳಿಜಾರು ನಾಲ್ಕನೇ ಗಂಟೆಗೆ ಒಂದೇ ಪಕ್ಕದ ಸೊಂಟನೋವಾಗುತ್ತದೆ. ರಸಮಟ್ಟ ಇಟ್ಟು ನೋಡಿ, ತಗ್ಗಿನ ಕಾಲಿಗೆ ರಬ್ಬರ್ ತುಂಡು ಕೊಡಿ.

ನಿಂತೇ ಇರುವ ಪ್ರದರ್ಶನವಾದರೆ ಮೊಣಕಾಲು ಬಿಗಿಯಾಗಿ ಹಿಂದಕ್ಕೆ ಒತ್ತಿ ನಿಲ್ಲಬಾರದು. ಮೀನಖಂಡ ಆಡದಿದ್ದರೆ ರಕ್ತ ಕಾಲಲ್ಲೇ ನಿಂತು, ತಲೆಗೆ ಕಡಿಮೆಯಾಗಿ ಜ್ಞಾನ ತಪ್ಪುತ್ತದೆ. ಎರಡು ಮೂರು ನಿಮಿಷಕ್ಕೊಮ್ಮೆ ಕಾಲಿನ ಬೆರಳು, ಮೀನಖಂಡ ಬಿಗಿದು ಬಿಡುವುದು ನೋಡುವವರಿಗೆ ಕಾಣುವುದೇ ಇಲ್ಲ.

ಕನ್ನಡಿ, ಹಗ್ಗ

ಕೈಗನ್ನಡಿ ನೋಡುತ್ತ ಹಿಂದಕ್ಕೆ ನಡೆಯುವ ಅಭ್ಯಾಸಕ್ಕೆ ಫ್ಯಾನ್ಸಿ ಸ್ಟೋರಿನ ಆರಿಂಚಿನ ಚಪ್ಪಟೆ ಕನ್ನಡಿ ಸಾಕು. ಸ್ಕೂಟರಿನ ಕನ್ನಡಿ ಉಬ್ಬಿರುವುದರಿಂದ ಹತ್ತಿರದ್ದನ್ನು ದೂರ ತೋರಿಸುತ್ತದೆ. ಮಂಜು ಕಟ್ಟದಂತೆ ಒಣ ಸೋಪು ಸವರಿ ಬಟ್ಟೆಯಲ್ಲಿ ಒರೆಸಿಟ್ಟರೆ ಸ್ವಲ್ಪ ಹೊತ್ತು ತಡೆಯುತ್ತದೆ. ಜಾಗ ಕಣ ಅಥವಾ ಹಾಕಿ ಮೈದಾನವಾಗಿರಲಿ. ತೋಟದ ಒಳದಾರಿಯಲ್ಲಿ ಮಳೆನೀರು ಇಂಗಲು ತೋಡಿದ ತೊಟ್ಟಿಲು ಗುಂಡಿಗಳಿರುತ್ತವೆ, ಸಿದ್ದಾಪುರ, ತಿತಿಮತಿ ಕಡೆ ಮುಂಜಾನೆ ಮತ್ತು ಮುಸ್ಸಂಜೆ ಆನೆಯೂ ಇರುತ್ತದೆ.

ಹಗ್ಗದ ಮಾತು ಬಂದರೆ ತೈವಾನ್ ಮೂಲದ ಪರ್ಫಾರ್ಮೆನ್ಸ್ ಕಲಾವಿದ ತೆಹ್ಚಿಂಗ್ ಶೇ ನೆನಪಾಗಲೇಬೇಕು. 1983ರಿಂದ 84ರವರೆಗೆ ಅವರು ಮತ್ತು ಕಲಾವಿದೆ ಲಿಂಡಾ ಮೊಂಟಾನೊ ಎಂಟಡಿ ಹಗ್ಗದಲ್ಲಿ ಸೊಂಟಕ್ಕೆ ಸೊಂಟ ಕಟ್ಟಿಕೊಂಡು, ಒಬ್ಬರನ್ನೊಬ್ಬರು ಮುಟ್ಟದೆ ಒಂದು ವರ್ಷ ಬದುಕಿದರು. ಒಂದು ದಿನದ ಮಟ್ಟಿಗೆ ಅದನ್ನು ಇಲ್ಲಿ ಮಾಡುವವರು ತೆಂಗಿನ ನಾರಿನ ಹಗ್ಗ ಕೊಳ್ಳಬೇಡಿ. ಎರಡು ಗಂಟೆಯಲ್ಲಿ ಬಟ್ಟೆ ತೂರಿ ಸೊಂಟ ಕೆರೆಯುತ್ತದೆ. ನೈಲಾನ್ ನುಣುಪಾಗಿದ್ದು ಗಂಟು ಜಾರುತ್ತದೆ. ಹನ್ನೆರಡು ಮಿಲಿಮೀಟರ್ ದಪ್ಪದ ಹತ್ತಿ ಹಗ್ಗ ಒಳ್ಳೆಯದು, ಆದರೆ ನೆನೆದರೆ ಉಬ್ಬಿ, ಉದ್ದ ಕುಗ್ಗಿ, ಗಂಟು ಕಲ್ಲಾಗುತ್ತದೆ. ಅದಕ್ಕೇ ಮುಂಚೆ ಮೂರು ಸಲ ನೆನೆಸಿ ಒಣಗಿಸಿ, ಕುಗ್ಗುವಷ್ಟು ಕುಗ್ಗಲು ಬಿಟ್ಟು, ಆಮೇಲೆ ಅಳೆಯಿರಿ. ನಡುವಿನ ಎಂಟಡಿಗೆ ಎರಡೂ ತುದಿಯ ಸೊಂಟದ ಸುತ್ತು ಮತ್ತು ಗಂಟಿಗೆಂದು ತಲಾ ನಾಲ್ಕಡಿ ಸೇರಿಸಿ, ಹದಿನಾರಡಿ. ಎಳೆದರೆ ಬಿಗಿಯುವ ಜೀರುಗುಣಿಕೆ ಹಾಕಲೇಬಾರದು. ಜತೆಗಿರುವ ಸಹಾಯಕರ ಕೈಯಲ್ಲಿ ದಪ್ಪ ಬಟ್ಟೆ ಕತ್ತರಿಸುವ ಕತ್ತರಿ ಕೊನೆಯವರೆಗೂ ಇರಬೇಕು.

ಇಂಬಳ ಮತ್ತು ಥಂಡಿ

ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಹುಲ್ಲಿನ ಮೇಲೆ ಬರಿಗಾಲಲ್ಲಿ ಕೂತವರ ಬಳಿ ಇಂಬಳ ಕೇಳಿಕೊಂಡು ಬರುವುದಿಲ್ಲ. ಕಚ್ಚಿದ್ದು ಗೊತ್ತಾಗುವುದಿಲ್ಲ, ಬಿದ್ದ ಮೇಲೂ ರಕ್ತ ಹೆಪ್ಪುಗಟ್ಟದೆ ಇಳಿಯುತ್ತಲೇ ಇರುತ್ತದೆ. ಬಿಳಿ ಪಂಚೆಯ ಮೇಲೆ ಕಣಕಾಲಿನಿಂದ ಒಂದು ಕೆಂಪು ಗೆರೆ ಹರಿದರೆ ನೋಡುವವರು ಅದನ್ನೂ ಪ್ರದರ್ಶನದ ಭಾಗವೆಂದೇ ಓದುತ್ತಾರೆ, ನೀವು ಹೇಳಬೇಕೆಂದಿದ್ದು ಬದಿಗೆ ಸರಿಯುತ್ತದೆ. ಹೊಗೆಸೊಪ್ಪು, ಸುಣ್ಣ ನೆನೆಸಿದ ನೀರು ಕಾಲಿಗೆ ಸವರುವ ಹಳೆಯ ಪದ್ಧತಿ ಮಳೆಗೆ ತೊಳೆದುಹೋಗುತ್ತದೆ. ಕುಳಿತ ಜಾಗದ ಸುತ್ತ ಒಂದಡಿ ಅಗಲ ಕಲ್ಲುಪ್ಪಿನ ಪಟ್ಟಿ ಹಾಕುವುದು ಮೇಲು, ಪ್ರತಿ ಮಳೆಯ ನಂತರ ಮತ್ತೆ ಹಾಕಬೇಕು. ಗಿಡಗಳ ಬುಡದಲ್ಲಿ ಬೇಡ, ಕಣದ ಅಂಚಿನಲ್ಲಿ ಮಾತ್ರ.

ಥಂಡಿಯನ್ನು ಹಗುರವಾಗಿ ಎಣಿಸಬೇಡಿ. ಹದಿನೆಂಟು ಡಿಗ್ರಿಯಲ್ಲಿ ಒದ್ದೆ ಹತ್ತಿಬಟ್ಟೆ ಉಟ್ಟು, ಗಾಳಿಗೆ ಕದಲದೆ ಗಂಟೆಗಟ್ಟಲೆ ಕೂತರೆ ಮೈಯ ಬಿಸಿ ಅಪಾಯಕ್ಕೆ ಇಳಿಯಬಹುದು. ಉಣ್ಣೆಯ ಕಂಬಳಿ ನೆನೆದರೂ ಎಳೆಗಳ ನಡುವೆ ಗಾಳಿ ಹಿಡಿದಿಟ್ಟು ಬಿಸಿ ಕಾಯುತ್ತದೆ, ಹತ್ತಿ ಆ ಕೆಲಸ ಮಾಡುವುದಿಲ್ಲ. ಕರಿಕಂಬಳಿ ಈ ಪಟ್ಟಿಯಲ್ಲಿ ಅತ್ಯಂತ ಬೆಲೆಯುಳ್ಳ ವಸ್ತು, ನೋಡಲೂ ಗಂಭೀರ. ನಡುಕ ನಿಂತುಹೋಗಿ, ಮಾತು ತೊದಲಿ, ಬೆರಳು ಕಾಳು ಹಿಡಿಯದಾದರೆ ಅದು ಸಹನೆ ಗೆದ್ದ ಲಕ್ಷಣವಲ್ಲ. ಸಹಾಯಕರು ತಕ್ಷಣ ನಿಲ್ಲಿಸಿ, ಒದ್ದೆ ಬಟ್ಟೆ ಬದಲಿಸಿ, ಕಂಬಳಿ ಹೊದಿಸಿ, ಆಸ್ಪತ್ರೆಗೆ ಕರೆದೊಯ್ಯಬೇಕು. ನಿಲ್ಲಿಸುವ ಅಧಿಕಾರ ಅವರಿಗೇ ಎಂದು ಮೊದಲೇ ಬರೆದುಕೊಡಿ. ಆ ಹೊತ್ತಿಗೆ ಕೂತವರ ತೀರ್ಮಾನ ನೆಟ್ಟಗಿರುವುದಿಲ್ಲ.

ಗಡಿಯಾರ ಮತ್ತು ದಾಖಲೆ

ತೆಹ್ಚಿಂಗ್ ಶೇ 1980-81ರಲ್ಲಿ ಒಂದು ವರ್ಷ ಪ್ರತಿ ಗಂಟೆಗೊಮ್ಮೆ ಕಾರ್ಖಾನೆಯ ಹಾಜರಿ ಗಡಿಯಾರಕ್ಕೆ ಕಾರ್ಡು ಒತ್ತಿದರು. 8760 ಗಂಟೆಗಳಲ್ಲಿ 133 ತಪ್ಪಿದವು. ಅವನ್ನೂ ಮುಚ್ಚಿಡದೆ ಲೆಕ್ಕ ಕೊಟ್ಟರು. ದಾಖಲೆಯ ಬಗ್ಗೆ ಇಷ್ಟು ಗೊತ್ತಿದ್ದರೆ ಸಾಕು. ಎದ್ದರೆ ಎದ್ದ ಹೊತ್ತು ಬರೆಯಿರಿ, ಎಣಿಕೆ ತಪ್ಪಿದರೆ ತಪ್ಪಿದ ಸಂಖ್ಯೆ ಬರೆಯಿರಿ.

ಮೊಬೈಲಿನಲ್ಲಿ ಹತ್ತು ಸೆಕೆಂಡಿಗೊಂದು ಚಿತ್ರ ತೆಗೆದರೆ ಎಂಟು ಗಂಟೆಗೆ 2880 ಚಿತ್ರ, ಸೆಕೆಂಡಿಗೆ 30ರಂತೆ ಓಡಿಸಿದರೆ 96 ಸೆಕೆಂಡಿನ ವಿಡಿಯೊ. ಮಳೆಗಾಲದಲ್ಲಿ ಕರೆಂಟು ನಂಬಬೇಡಿ, ಪವರ್ ಬ್ಯಾಂಕ್ ಬೇಕೇಬೇಕು. ಬೆಚ್ಚಗಿನ ಮನೆಯಿಂದ ಹೊರಗೆ, ಹೊರಗಿನಿಂದ ಒಳಗೆ ಮೊಬೈಲ್ ಓಡಾಡಿಸಿದರೆ ಲೆನ್ಸಿಗೆ ಮಂಜು ಕಟ್ಟುತ್ತದೆ. ಅರ್ಧ ಗಂಟೆ ಮೊದಲೇ ಜಾಗದಲ್ಲಿ ಇಟ್ಟು, ಆಮೇಲೆ ಕದಲಿಸಬೇಡಿ.

ಉಡುಪು

ಬೆಂಗಳೂರಿನ ಕಲಾವಿದೆ ಪುಷ್ಪಮಾಲಾ ಎನ್. ತೊಂಬತ್ತರ ದಶಕದಿಂದ ವೇಷ ತೊಟ್ಟು ತಾವೇ ಚಿತ್ರದೊಳಗೆ ನಿಂತು, ಹೆಣ್ಣಿನ ಗುರುತು ಹೇಗೆ ಕಟ್ಟಲ್ಪಡುತ್ತದೆ ಎಂದು ಕೇಳುತ್ತಿದ್ದಾರೆ. ಪರ್ಫಾರ್ಮೆನ್ಸ್ ಕಲಾವಿದ ನಿಖಿಲ್ ಚೋಪ್ರಾ ದಿನಗಟ್ಟಲೆ ನಡೆಯುವ ಪ್ರದರ್ಶನಗಳಲ್ಲಿ ಜನರ ಎದುರೇ ಉಡುಪು ಬದಲಿಸಿ ಬೇರೊಬ್ಬರಾಗುತ್ತಾರೆ. ವೇಷದಲ್ಲಿ ಗುರುತು ಕಳಚುವುದು ಕೊಡಗಿಗೆ ಹೊಸದೇನಲ್ಲ. ದೇವರಪುರದ ಕುಂಡೆ ಹಬ್ಬದಲ್ಲಿ ಆದಿವಾಸಿಗಳಾದ ಕುರುಬರು, ಯರವರು ಹೆಣ್ಣುವೇಷ ಹಾಕಿ ದೇವರನ್ನೂ ಬಿಡದೆ ಬೈಯುತ್ತ ಪೇಟೆಯೆಲ್ಲ ಸುತ್ತುತ್ತಾರೆ. ಆ ವೇಷವನ್ನಾಗಲಿ, ತೆರೆಯ ಅಣಿ ಎಂಬ ಅಲಂಕಾರವನ್ನಾಗಲಿ ಪ್ರದರ್ಶನಕ್ಕೆ ಬಾಡಿಗೆ ತರುವುದು ಬೇಡ, ಅವು ಹರಕೆಗೆ ಸೇರಿದವು. ಕೊಡವ ಗಂಡಸರ ಸಾಂಪ್ರದಾಯಿಕ ಉಡುಪಾದ ಕುಪ್ಯಚೇಲೆಯನ್ನು ಒಕ್ಕದ, ಅಂದರೆ ಕೊಡವ ಮನೆತನದ, ಹಿರಿಯರನ್ನು ಕೇಳದೆ ತೊಡುವುದೂ ಬೇಡ. ನಿತ್ಯದ ಬಟ್ಟೆಯನ್ನೇ ಬಳಸಿ. ತೋಟದ ಕೆಲಸದವರು ಸೀರೆಯ ಮೇಲೆ ತೊಡುವ ಗಂಡಸರ ತುಂಬುತೋಳಿನ ಅಂಗಿ, ತಲೆಗೆ ಸುತ್ತಿದ ಟವಲ್, ರಬ್ಬರ್ ಬೂಟು, ಪ್ಲಾಸ್ಟಿಕ್ ಕೊಪ್ಪೆ ಇವುಗಳಲ್ಲಿ ಕೊಡಗಿನ ಎಷ್ಟೋ ಗುರುತು ಇದೆ, ಪೇಟೆಯಲ್ಲಿ ಸಿಗುತ್ತವೆ, ಎಂಟು ಗಂಟೆ ತೊಡಲೆಂದೇ ಆದವು. ಪ್ಲಾಸ್ಟಿಕ್ ಕೊಪ್ಪೆ ಒಂದರಲ್ಲೇ ತೊಂದರೆ: ಒಳಗೆ ಬೆವರು ಕಟ್ಟಿ ಅಂಗಿ ನೆನೆಯುತ್ತದೆ, ಮಳೆ ಸದ್ದಿಗೆ ಎದುರಿನವರ ಮಾತೂ ಕೇಳಿಸುವುದಿಲ್ಲ. ನಿಲ್ಲಿಸಿ ಎಂಬುದಕ್ಕೆ ಸಹಾಯಕರು ಭುಜ ಮುಟ್ಟುವ ಸಂಕೇತ ಇಟ್ಟುಕೊಳ್ಳಿ.

ಮುಗಿದ ಮೇಲೆ ಸತುವಿನ ಬಣ್ಣಕ್ಕೆ ನೀರು ಹಾಕಬೇಡಿ. ಮೊದಲು ಎಣ್ಣೆ ಸವರಿ ಐದು ನಿಮಿಷ ಬಿಟ್ಟು, ಹಳೆಯ ಪಂಚೆ ತುಂಡಿನಿಂದ ಒರೆಸಿ, ಆಮೇಲೆ ಕಡಲೆಹಿಟ್ಟು, ಬೆಚ್ಚನೆಯ ನೀರು. ಕಿವಿಯ ಹಿಂದೆ, ಮೂಗಿನ ಪಕ್ಕದ ಮಡಿಕೆಯಲ್ಲಿ, ಹಣೆಗೂದಲ ಬುಡದಲ್ಲಿ ಬಿಳಿ ಉಳಿದಿರುತ್ತದೆ, ಇನ್ನೊಬ್ಬರ ಕೈಯಲ್ಲಿ ನೋಡಿಸಿಕೊಂಡು ಒರೆಸಿ. ಅಕ್ಕಿ, ಉದ್ದನ್ನು ಬೇರೆ ಬೇರೆ ಡಬ್ಬಿಗೆ ತುಂಬಿ, ಎಣಿಸಿದ ಸಂಖ್ಯೆಯ ಚೀಟಿ ಒಳಗೇ ಹಾಕಿಡಿ.